ದುಡಿಮೆಯ ಜಾಗದ ಅಪಾಯಗಳು: ಅಂದಾಜು ಮತ್ತು ನಿರ್ವಹಣೆ (ಮಂಡ್ಯ, ಮದ್ದೂರು, ಮಳವಳ್ಳಿ)

ಕೆಲಸ ಮಾಡುವ ಜಾಗದಲ್ಲಿ ಯಾವುದರಿಂದ ಯಾರಿಗೆ ಕೆಡುಕಾಗಬಹುದು ಎಂದು ಮೊದಲೇ ಗುರುತಿಸಬೇಕು; ಆ ಕೆಡುಕು ಎಷ್ಟು ದೊಡ್ಡದು, ಆಗುವ ಸಂಭವ ಎಷ್ಟು ಎಂದು ತೂಗಬೇಕು; ತಡೆಯುವ ಏರ್ಪಾಡು ಮಾಡಬೇಕು; ಆ ಏರ್ಪಾಡು ಕೆಲಸ ಮಾಡುತ್ತಿದೆಯೇ ಎಂದು ಆಗಾಗ ನೋಡುತ್ತಿರಬೇಕು. ಈ ನಾಲ್ಕೂ ಸೇರಿದ ಕ್ರಮಕ್ಕೆ ಔದ್ಯೋಗಿಕ ಅಪಾಯದ ಅಂದಾಜು ಮತ್ತು ನಿರ್ವಹಣೆ ಎಂದು ಹೆಸರು. ಮಂಡ್ಯ ಜಿಲ್ಲೆಯ ಮಂಡ್ಯ, ಮದ್ದೂರು, ಮಳವಳ್ಳಿ ತಾಲ್ಲೂಕುಗಳಲ್ಲಿ ಈ ವಿಷಯ ಕಾರ್ಖಾನೆಯ ಗೇಟಿನೊಳಗೆ ಮುಗಿಯುವುದಿಲ್ಲ. ಕಬ್ಬಿನ ಗದ್ದೆ, ಆಲೆಮನೆ, ರೇಷ್ಮೆ ಹುಳು ಸಾಕುವ ಮನೆ, ಅಕ್ಕಿ ಗಿರಣಿ, ತೆಂಗಿನ ತೋಟ, ವಿದ್ಯುತ್ ಕಂಬ, ಒಳಚರಂಡಿ ಎಲ್ಲವೂ ಇಲ್ಲಿ ದುಡಿಮೆಯ ಜಾಗಗಳೇ. ಇವುಗಳಲ್ಲಿ ಹೆಚ್ಚಿನವು ಕಾರ್ಖಾನೆ ಕಾನೂನಿನ ಅಳತೆಗೆ ಸಿಗದಷ್ಟು ಚಿಕ್ಕವು. ದೊಡ್ಡ ಕಾರ್ಖಾನೆಯಲ್ಲಿ ರೂಢಿಗೆ ಬಂದ ಎಚ್ಚರವನ್ನು ಈ ಚಿಕ್ಕ ಜಾಗಗಳಿಗೂ ತಲುಪಿಸುವುದು ಹೇಗೆಂಬುದೇ ಈ ಭಾಗದ ಮುಖ್ಯ ಪ್ರಶ್ನೆ.

ಪರಿಭಾಷೆ

ಕನ್ನಡದ ಆಡುಮಾತಿನಲ್ಲಿ ‘ಅಪಾಯ’ ಎಂಬ ಒಂದೇ ಮಾತು ಎರಡು ಅರ್ಥಗಳನ್ನು ಹೊರುತ್ತದೆ. ಈ ಶಾಸ್ತ್ರ ಅವೆರಡನ್ನೂ ಬೇರೆ ಮಾಡಿಕೊಂಡೇ ಆರಂಭವಾಗುತ್ತದೆ. ಕೆಡುಕು ಮಾಡುವ ಗುಣವುಳ್ಳ ವಸ್ತು, ಯಂತ್ರ ಅಥವಾ ಸನ್ನಿವೇಶ ಅಪಾಯಮೂಲ. ಆ ಮೂಲದಿಂದ ಒಬ್ಬ ಮನುಷ್ಯನಿಗೆ ಕೆಡುಕಾಗುವ ಸಂಭವ ಮತ್ತು ಆ ಕೆಡುಕಿನ ತೀವ್ರತೆ ಎರಡೂ ಸೇರಿದ್ದು ಅಪಾಯ. ಕುದಿಯುವ ಬೆಲ್ಲದ ಪಾಕ ಅಪಾಯಮೂಲ. ಅದು ಸೊಂಟದೆತ್ತರದ ಕಟ್ಟೆಯ ಹಿಂದಿದ್ದರೆ ಅಪಾಯ ಕಡಿಮೆ. ನೆಲಮಟ್ಟದಲ್ಲಿ ಜಾರುವ ಅಂಚಿನ ಪಕ್ಕ ಕುದಿಯುತ್ತಿದ್ದರೆ ಅಪಾಯ ಹೆಚ್ಚು. ಪಾಕ ಒಂದೇ, ಜೋಡಣೆ ಬೇರೆ. ಜೋಡಣೆಯನ್ನು ಬದಲಿಸುವುದು ಮನುಷ್ಯನ ಕೈಯಲ್ಲಿದೆ ಎಂಬುದೇ ಈ ವಿದ್ಯೆಯ ತಳಹದಿ. ಆದ್ದರಿಂದ ಗಾಯವಾದ ಮೇಲೆ ‘ಹಣೆಬರಹ’ ಎಂದು ಕೈಚೆಲ್ಲುವುದನ್ನು ಅದು ಒಪ್ಪುವುದಿಲ್ಲ.

ಪೆಟ್ಟಾಗದೆ ‘ಕೂದಲೆಳೆಯಲ್ಲಿ ಪಾರಾದ’ ಘಟನೆಗಳಿಗೂ ಇಲ್ಲಿ ಬೆಲೆಯಿದೆ. ಹಗ್ಗ ಹರಿದು ಮೂಟೆ ಬಿದ್ದಾಗ ಕೆಳಗೆ ಯಾರೂ ಇರಲಿಲ್ಲ ಎಂದರೆ ಅದು ಪುಣ್ಯ. ಆದರೆ ಹಗ್ಗ ಹರಿದದ್ದು ಪಾಠ. ಬರೆದಿಟ್ಟರೆ ಮಾತ್ರ ಆ ಪಾಠ ಮುಂದಿನ ಪಾಳಿಯವರಿಗೆ ದಕ್ಕುತ್ತದೆ.

ಹಿನ್ನೆಲೆ

ಈ ಪ್ರದೇಶದಲ್ಲಿ ಆಧುನಿಕ ಕೈಗಾರಿಕೆಯ ಕಥೆ ಮಳವಳ್ಳಿ ತಾಲ್ಲೂಕಿನ ಶಿವನಸಮುದ್ರದಿಂದ ಆರಂಭವಾಗುತ್ತದೆ. 1902ರಲ್ಲಿ ಅಲ್ಲಿ ತಯಾರಾದ ವಿದ್ಯುತ್ತು ಸುಮಾರು 147 ಕಿ.ಮೀ. ದೂರದ ಕೋಲಾರ ಚಿನ್ನದ ಗಣಿಗೆ ಹರಿಯಿತು. ತಂತಿಯಲ್ಲಿ ಹರಿಯುವ, ಕಣ್ಣಿಗೆ ಕಾಣದ ಅಪಾಯಮೂಲವೊಂದು ಈ ಸೀಮೆಯ ದುಡಿಮೆಗೆ ಸೇರಿದ್ದು ಆಗ. 1911ರಲ್ಲಿ ಕನ್ನಂಬಾಡಿಯಲ್ಲಿ ಕೃಷ್ಣರಾಜಸಾಗರ ಅಣೆಕಟ್ಟೆಯ ಕೆಲಸ ಶುರುವಾಯಿತು. ಮುಂದೆ ಹುಲಿಕೆರೆಯ ಬಳಿ ಬಂಡೆ ಕೊರೆದು ಸುರಂಗ ಮಾಡಿ, ಇರ್ವಿನ್ ನಾಲೆಯ ನೀರನ್ನು ಬಯಲಿಗೆ ತಂದರು. ಇಂದು ಅದು ವಿಶ್ವೇಶ್ವರಯ್ಯ ನಾಲೆ. ನೀರಿನ ಹಿಂದೆ ಕಬ್ಬು ಬಂತು, ಕಬ್ಬಿನ ಹಿಂದೆ ಕಾರ್ಖಾನೆ. ಮೈಸೂರು ಸಂಸ್ಥಾನದ ಕೃಷಿ ನಿರ್ದೇಶಕರಾಗಿದ್ದ ಲೆಸ್ಲಿ ಕೋಲ್ಮನ್ ಅವರ ಮುತುವರ್ಜಿಯಿಂದ 1933ರಲ್ಲಿ ಮಂಡ್ಯದಲ್ಲಿ ಮೈಸೂರು ಸಕ್ಕರೆ ಕಂಪನಿ ಸ್ಥಾಪನೆಯಾಯಿತು. ಜನ ಅದನ್ನು ಕರೆಯುವುದು ಮೈಷುಗರ್ ಎಂದು. 1939ರಲ್ಲಿ ಮಂಡ್ಯ ಪ್ರತ್ಯೇಕ ಜಿಲ್ಲೆಯಾಯಿತು.

ಇಂದು ಮದ್ದೂರು ತಾಲ್ಲೂಕಿನ ಭಾರತೀನಗರ (ಕೆ.ಎಂ. ದೊಡ್ಡಿ) ಮತ್ತು ಕೊಪ್ಪದಲ್ಲಿ ಸಕ್ಕರೆ ಕಾರ್ಖಾನೆಗಳಿವೆ. ಗೆಜ್ಜಲಗೆರೆಯಲ್ಲಿ ಜಿಲ್ಲಾ ಹಾಲು ಒಕ್ಕೂಟದ ಡೇರಿ ಇದೆ. ಗೆಜ್ಜಲಗೆರೆ, ಸೋಮನಹಳ್ಳಿ, ತೂಬಿನಕೆರೆಗಳಲ್ಲಿ ಕೈಗಾರಿಕಾ ಪ್ರದೇಶಗಳಿವೆ. ಬೆಳಗಿನ ಹೊತ್ತು ಹಳ್ಳಿಹಳ್ಳಿಯಿಂದ ವ್ಯಾನುಗಳಲ್ಲಿ ಗಾರ್ಮೆಂಟ್ಸ್‌ಗೆ ಹೊರಡುವ ಹೆಣ್ಣುಮಕ್ಕಳು, ರಾತ್ರಿಯಿಡೀ ಹೊಗೆಯಾಡುವ ಆಲೆಮನೆಗಳು, ಮದ್ದೂರಿನ ಎಳನೀರು ಮಾರುಕಟ್ಟೆಯ ಲಾರಿಗಳು, ಮಳವಳ್ಳಿ ಕಡೆಯ ಹಿಪ್ಪುನೇರಳೆ ತೋಟಗಳು ಈ ಸೀಮೆಯ ದುಡಿಮೆಯ ಚಿತ್ರವನ್ನು ಪೂರ್ಣಗೊಳಿಸುತ್ತವೆ.

ಅಂದಾಜಿನ ಹಂತಗಳು

ಅಪಾಯದ ಅಂದಾಜನ್ನು ಸಾಮಾನ್ಯವಾಗಿ ಐದು ಹಂತಗಳಲ್ಲಿ ಮಾಡುತ್ತಾರೆ: ಅಪಾಯಮೂಲಗಳನ್ನು ಗುರುತಿಸುವುದು, ಯಾರಿಗೆ, ಹೇಗೆ ಕೆಡುಕಾಗಬಹುದೆಂದು ನೋಡುವುದು, ಅಪಾಯವನ್ನು ತೂಗಿ ತಡೆಗಳನ್ನು ತೀರ್ಮಾನಿಸುವುದು, ತೀರ್ಮಾನವನ್ನು ಬರೆದಿಟ್ಟು ಜಾರಿಗೆ ತರುವುದು, ಯಂತ್ರ, ಕೆಲಸಗಾರ, ಹಂಗಾಮು ಬದಲಾದಾಗಲೆಲ್ಲ ಮತ್ತೆ ಪರಿಶೀಲಿಸುವುದು. ಭಾರತೀಯ ಮಾನಕ ಬ್ಯೂರೋ ಇದಕ್ಕಾಗಿ ಐಎಸ್ 15656 ಎಂಬ ಸಂಹಿತೆಯನ್ನು ಪ್ರಕಟಿಸಿದೆ. 2018ರಲ್ಲಿ ಬಂದ ಐಎಸ್‌ಒ 45001 ಇದೇ ಕ್ರಮವನ್ನು ಇಡೀ ಸಂಸ್ಥೆಯ ಆಡಳಿತಕ್ಕೆ ಹೊಂದಿಸುವ ಅಂತರರಾಷ್ಟ್ರೀಯ ಮಾನಕ.

ಗುರುತಿಸುವ ಕೆಲಸ ಕಚೇರಿಯಲ್ಲಿ ಕುಳಿತು ಆಗುವಂಥದ್ದಲ್ಲ. ಕೆಲಸ ನಡೆಯುವಾಗಲೇ ನಿಂತು ನೋಡಬೇಕು, ಯಂತ್ರದ ಮುಂದೆ ನಿಲ್ಲುವವರನ್ನು ಕೇಳಬೇಕು. ಎಲ್ಲಿ ಕಾಲು ಜಾರುತ್ತದೆ, ಯಾವ ಸ್ವಿಚ್ಚು ಒಮ್ಮೊಮ್ಮೆ ಷಾಕ್ ಹೊಡೆಯುತ್ತದೆ, ಯಾವ ಹೊತ್ತಿಗೆ ಕಣ್ಣು ಎಳೆಯುತ್ತದೆ ಎಂಬುದು ಅವರಿಗೆ ಗೊತ್ತಿರುತ್ತದೆ. ಹಗಲು ಕಾಣದ ಅಪಾಯ ರಾತ್ರಿಪಾಳಿಯಲ್ಲಿ ಕಾಣುತ್ತದೆ. ಬೇಸಿಗೆಯಲ್ಲಿ ಇಲ್ಲದ್ದು ಮಳೆಗಾಲದಲ್ಲಿ ಹುಟ್ಟುತ್ತದೆ.

ತೂಗುವುದಕ್ಕೆ ಸರಳ ಕೋಷ್ಟಕವೊಂದಿದೆ. ಸಂಭವಕ್ಕೆ 1ರಿಂದ 5, ತೀವ್ರತೆಗೆ 1ರಿಂದ 5 ಅಂಕ ಕೊಟ್ಟು ಗುಣಿಸುತ್ತಾರೆ. ಆಲೆಮನೆಯ ಗಾಣಕ್ಕೆ ಕೈಯಿಂದ ಕಬ್ಬು ಕೊಡುವ ಕೆಲಸವನ್ನು ತೆಗೆದುಕೊಳ್ಳೋಣ. ಉರುಳೆಗೆ ಕೈ ಸಿಕ್ಕರೆ ಬೆರಳೋ ಮುಂಗೈಯೋ ಹೋಗುತ್ತದೆ, ಆದ್ದರಿಂದ ತೀವ್ರತೆ 4. ಹಗಲೂ ರಾತ್ರಿ ಕೈ ಉರುಳೆಯ ಹತ್ತಿರವೇ ಓಡಾಡುತ್ತದೆ, ಆದ್ದರಿಂದ ಸಂಭವ 4. ಗುಣಲಬ್ಧ 16, ಕೆಲಸ ನಿಲ್ಲಿಸಿ ಸರಿಪಡಿಸಬೇಕಾದ ಮಟ್ಟ. ಉರುಳೆಯ ಮುಂದೆ ತೋಳಿಗಿಂತ ಉದ್ದನೆಯ ಕಬ್ಬಿಣದ ದೋಣಿ ಕೂರಿಸಿದರೆ ಕಬ್ಬು ಜಾರಿ ಒಳಗೆ ಹೋಗುತ್ತದೆ, ಕೈ ಹೋಗುವುದಿಲ್ಲ. ಆಗ ಸಂಭವ 2ಕ್ಕೆ ಇಳಿಯುತ್ತದೆ, ಗುಣಲಬ್ಧ 8 ಆಗುತ್ತದೆ. ಇಲ್ಲಿ ಗಮನಿಸಬೇಕಾದ ಸಂಗತಿಯೆಂದರೆ ತೀವ್ರತೆ ಇಳಿದಿಲ್ಲ. ದೋಣಿಯನ್ನು ಕಿತ್ತ ದಿನ ಉರುಳೆ ಮೊದಲಿನಷ್ಟೇ ಕ್ರೂರ. ಆದ್ದರಿಂದ ತಡೆಯನ್ನು ಕೂರಿಸಿದರೆ ಸಾಲದು, ಅದು ಜಾಗದಲ್ಲೇ ಇದೆಯೇ ಎಂದು ದಿನವೂ ನೋಡಬೇಕು.

ನಿಯಂತ್ರಣದ ಮೆಟ್ಟಿಲುಗಳು

ತಡೆಗಳನ್ನು ಅವುಗಳ ಬಲದ ಪ್ರಕಾರ ಐದು ಮೆಟ್ಟಿಲುಗಳಲ್ಲಿ ಜೋಡಿಸುತ್ತಾರೆ.

ಮೊದಲನೆಯದು ಅಪಾಯಮೂಲವನ್ನೇ ಇಲ್ಲವಾಗಿಸುವುದು. ಗದ್ದೆಗಳಲ್ಲಿ ಬಳಕೆಯಲ್ಲಿದ್ದ ಫೋರೇಟ್ ಎಂಬ ಕಡುವಿಷದ ಹರಳನ್ನು ಕೇಂದ್ರ ಸರ್ಕಾರ 2020ರ ಕೊನೆಯಿಂದ ಪೂರ್ಣವಾಗಿ ನಿಷೇಧಿಸಿದ್ದು ಇದಕ್ಕೆ ಉದಾಹರಣೆ. ಎರಡನೆಯದು ಬದಲಿ ವಸ್ತು. ರೇಷ್ಮೆ ಹುಳುಮನೆಯ ಸೋಂಕು ಕಳೆಯಲು ಬಳಸುತ್ತಿದ್ದ ಫಾರ್ಮಲಿನ್‌ಗೆ ಬದಲಾಗಿ ಕ್ಲೋರಿನ್ ಡೈಆಕ್ಸೈಡ್ ದ್ರಾವಣ ಬಂದದ್ದು ಹೀಗೆ. ಬದಲಿಗೂ ತನ್ನದೇ ಅಪಾಯವಿರುತ್ತದೆ ಎಂಬುದನ್ನು ಮರೆಯಬಾರದು. ಕ್ಲೋರಿನ್ ಡೈಆಕ್ಸೈಡ್ ಸಹ ಕಣ್ಣು, ಗಂಟಲನ್ನು ಉರಿಸುತ್ತದೆ. ಮೂರನೆಯದು ಯಾಂತ್ರಿಕ ತಡೆ: ಬೆಲ್ಟಿಗೆ ಜಾಲರಿ, ಹೊಗೆಗೆ ಚಿಮಣಿ, ಧೂಳಿಗೆ ಹೀರುಗೊಳವೆ, ಕೈಗೆಟಕುವ ನಿಲುಗಡೆ ಗುಂಡಿ. ನಾಲ್ಕನೆಯದು ಕೆಲಸದ ಕಟ್ಟಳೆ: ಪಾಳಿಯ ಅವಧಿ, ತರಬೇತಿ, ಅನುಮತಿ ಪತ್ರ, ಕನ್ನಡದಲ್ಲಿಯೂ ಹೊರರಾಜ್ಯದ ಕೆಲಸಗಾರರ ಭಾಷೆಯಲ್ಲಿಯೂ ಸೂಚನಾ ಫಲಕ. ಐದನೆಯದು ಹೆಲ್ಮೆಟ್, ಕೈಗವಸು, ಮುಖಗವಸು, ಸೊಂಟಪಟ್ಟಿಯಂಥ ರಕ್ಷಣಾ ಸಾಧನಗಳು.

ಹೆಲ್ಮೆಟ್ಟು ಹಂಚಿ ಫೋಟೊ ತೆಗೆಸಿಕೊಂಡರೆ ಸುರಕ್ಷತೆ ಮುಗಿಯಿತೆಂಬ ತಿಳಿವಳಿಕೆ ಬಹಳ ಕಡೆ ಇದೆ. ರಕ್ಷಣಾ ಸಾಧನ ಕಟ್ಟಕಡೆಯ ಮೆಟ್ಟಿಲು. ಅದು ಅಪಾಯವನ್ನು ತಡೆಯುವ ಹೊಣೆಯನ್ನು ಬೆವರಿ ಬಳಲಿದ ಮನುಷ್ಯನ ಮೈಮೇಲೆ ಹೊರಿಸುತ್ತದೆ. ಮೇಲಿನ ನಾಲ್ಕು ಮೆಟ್ಟಿಲುಗಳಲ್ಲಿ ಮಾಡಬೇಕಾದದ್ದನ್ನೆಲ್ಲ ಮಾಡಿದ ಮೇಲೂ ಉಳಿಯುವ ಅಪಾಯಕ್ಕೆ ಮಾತ್ರ ಅದು ಉತ್ತರ.

ಸಕ್ಕರೆ ಕಾರ್ಖಾನೆ

ಹಂಗಾಮಿನ ಆರಂಭದಲ್ಲಿ ಬಾಯ್ಲರ್‌ಗೆ ಪೂಜೆ ಮಾಡಿ ಬೆಂಕಿ ಹಾಕುವುದು ಇಲ್ಲಿನ ಸಂಪ್ರದಾಯ. ಅದಕ್ಕೂ ಮೊದಲು ಬಾಯ್ಲರ್ ಇಲಾಖೆಯ ತಪಾಸಣೆಗೆ ಒಳಗಾಗಿ ಪ್ರಮಾಣಪತ್ರ ಪಡೆದಿರಬೇಕು. ಒತ್ತಡ ಮಿತಿಮೀರಿದಾಗ ತಾನಾಗಿ ತೆರೆದುಕೊಳ್ಳುವ ಸುರಕ್ಷಾ ಕವಾಟ, ನೀರಿನ ಮಟ್ಟ ತೋರಿಸುವ ಗಾಜಿನ ಅಳತೆ, ಒತ್ತಡದ ಮಾಪಕ ಇವು ಬಾಯ್ಲರಿನ ಪ್ರಾಣ. ನೀರಿನ ಮಟ್ಟ ಕುಸಿದರೆ ಕೊಳವೆಗಳು ಕೆಂಪಗೆ ಕಾದು ಬಲಗೆಡುತ್ತವೆ. ಆ ಹೊತ್ತಿನಲ್ಲಿ ಗಾಬರಿಯಿಂದ ತಣ್ಣೀರು ಬಿಟ್ಟರೆ ಸಿಡಿಯುವ ಭಯವಿದೆ. ಆದ್ದರಿಂದಲೇ ಅರ್ಹತಾಪತ್ರ ಪಡೆದ ಬಾಯ್ಲರ್ ಅಟೆಂಡೆಂಟ್ ಇಲ್ಲದೆ ಬಾಯ್ಲರ್ ನಡೆಸುವಂತಿಲ್ಲ.

ಕಬ್ಬಿನಂಗಳದಲ್ಲಿ ಟ್ರ್ಯಾಕ್ಟರ್, ಲಾರಿ, ಎತ್ತಿನ ಗಾಡಿಗಳ ನೂಕುನುಗ್ಗಲು. ಸರದಿಗಾಗಿ ರಾತ್ರಿಯೆಲ್ಲ ಕಾದ ಚಾಲಕ ಗಾಡಿಯ ಕೆಳಗೇ ನಿದ್ದೆ ಹೋಗುವುದುಂಟು. ನಡೆಯುವವರಿಗೆ ಬೇರೆ ದಾರಿ, ಮಲಗಲು ಬೇರೆ ಜಾಗ, ಹಿಂದಕ್ಕೆ ಬರುವ ವಾಹನಕ್ಕೆ ಒಬ್ಬ ಸೂಚಕ ಇವು ಖರ್ಚಿಲ್ಲದ ತಡೆಗಳು. ಒಳಗೆ ಕಬ್ಬನ್ನು ತುಂಡರಿಸುವ ಚೂರಿಗಳು, ಗಿರಣಿಯ ಉರುಳೆಗಳು, ಸಕ್ಕರೆಯನ್ನು ಬೇರ್ಪಡಿಸುವ ವೇಗದ ಯಂತ್ರಗಳು ಇವೆ. ಇವುಗಳನ್ನು ಶುಚಿ ಮಾಡುವಾಗ, ರಿಪೇರಿ ಮಾಡುವಾಗ ವಿದ್ಯುತ್ ಕಡಿತ ಮಾಡಿ, ಸ್ವಿಚ್ಚಿಗೆ ಬೀಗ ಹಾಕಿ, ಬೀಗದ ಕೈಯನ್ನು ಒಳಗೆ ಇಳಿಯುವವನ ಜೇಬಿನಲ್ಲೇ ಇಡುವುದು ಅತ್ಯಂತ ಮುಖ್ಯ ಕಟ್ಟಳೆ. ರಸವನ್ನು ಬಿಳುಪಾಗಿಸಲು ಗಂಧಕ ಉರಿಸಿ ಪಡೆಯುವ ಸಲ್ಫರ್ ಡೈಆಕ್ಸೈಡ್ ಸೋರಿದರೆ ಉಸಿರುಗಟ್ಟುತ್ತದೆ. ಗಿರಣಿ ವಿಭಾಗದ ಸದ್ದು ದಿನಕ್ಕೆ 8 ಗಂಟೆಯ ಮಿತಿಯಾದ 90 ಡೆಸಿಬೆಲ್ಲನ್ನು ದಾಟಿದರೆ ಕಿವಿ ಮೆಲ್ಲಗೆ, ನೋವಿಲ್ಲದೆ, ಶಾಶ್ವತವಾಗಿ ಮಂದವಾಗುತ್ತದೆ.

ರಸ ಹಿಂಡಿದ ಸಿಪ್ಪೆ, ಇಲ್ಲಿನವರ ಮಾತಿನಲ್ಲಿ ರಚ್ಚು, ರಾಶಿಯಲ್ಲಿ ತೇವಗೊಂಡು ಬೂಷ್ಟು ಹಿಡಿದರೆ ಅದರ ಧೂಳಿನಿಂದ ಬಗಾಸೋಸಿಸ್ ಎಂಬ ಶ್ವಾಸಕೋಶದ ಕಾಯಿಲೆ ಬರುತ್ತದೆ. ಧೂಳಿನಲ್ಲಿ ಕೆಲಸ ಮಾಡಿದ ಕೆಲವು ಗಂಟೆಗಳ ಮೇಲೆ ಜ್ವರ, ಕೆಮ್ಮು, ಏದುಸಿರು ಕಾಣಿಸಿಕೊಳ್ಳುತ್ತದೆ. ನೆಗಡಿ ಜ್ವರವೆಂದು ಮಾತ್ರೆ ನುಂಗಿ ಮತ್ತೆ ರಾಶಿಗೇ ಹೋದವರಿಗೆ ವರ್ಷಗಳ ಮೇಲೆ ಶ್ವಾಸಕೋಶ ಗಟ್ಟಿಯಾಗುತ್ತದೆ. 2025ರ ನವೆಂಬರ್‌ವರೆಗೆ ಜಾರಿಯಲ್ಲಿದ್ದ 1923ರ ಕಾರ್ಮಿಕರ ಪರಿಹಾರ ಕಾಯ್ದೆಯ ವೃತ್ತಿರೋಗಗಳ ಪಟ್ಟಿಯಲ್ಲಿ ಇದರ ಹೆಸರಿತ್ತು. ಕಬ್ಬಿನ ಸೀಮೆಯ ವೈದ್ಯರು ಕೆಮ್ಮಿನ ರೋಗಿಯನ್ನು ಮೊದಲು ಕೇಳಬೇಕಾದ ಪ್ರಶ್ನೆ ‘ಏನು ಕೆಲಸ ಮಾಡುತ್ತೀರಿ?’ ಎಂಬುದು.

ಸಕ್ಕರೆಯ ಸಣ್ಣ ಧೂಳು ಸ್ಫೋಟಿಸಬಲ್ಲದು. ಅಮೆರಿಕದ ಜಾರ್ಜಿಯಾ ರಾಜ್ಯದ ಪೋರ್ಟ್ ವೆಂಟ್‌ವರ್ತ್‌ನಲ್ಲಿ 2008ರ ಫೆಬ್ರವರಿ 7ರಂದು ಇಂಥ ಸ್ಫೋಟದಿಂದ 14 ಕಾರ್ಮಿಕರು ಸತ್ತರು. ಕರ್ನಾಟಕದಲ್ಲಿ 2018ರ ಡಿಸೆಂಬರ್ 16ರಂದು ಮುಧೋಳ ತಾಲ್ಲೂಕಿನ ಸಕ್ಕರೆ ಕಾರ್ಖಾನೆಯೊಂದರ ಡಿಸ್ಟಿಲರಿ ಆವರಣದಲ್ಲಿ ಸ್ಫೋಟವಾಗಿ ನಾಲ್ವರು ಜೀವ ಕಳೆದುಕೊಂಡರು. ಕೊಳೆತು ಹುದುಗುವ ದ್ರವ ಇರುವಲ್ಲೆಲ್ಲ ಉರಿಯುವ ಮೀಥೇನ್ ಮತ್ತು ವಿಷಾನಿಲ ಹೈಡ್ರೋಜನ್ ಸಲ್ಫೈಡ್ ಹುಟ್ಟುತ್ತವೆ ಎಂಬುದನ್ನು ಕಾಕಂಬಿ ತೊಟ್ಟಿಯ ಹತ್ತಿರ ಹೋಗುವ ಪ್ರತಿಯೊಬ್ಬರೂ ಅರಿತಿರಬೇಕು.

ಮುಚ್ಚಿದ ಜಾಗಗಳು

ತೊಟ್ಟಿ, ಟ್ಯಾಂಕು, ಮ್ಯಾನ್‌ಹೋಲ್, ಹಾಳುಬಾವಿಗಳಿಗೆ ಇಳಿಯುವುದು ಅತಿ ಹೆಚ್ಚು ಜೀವ ತೆಗೆಯುವ ಕೆಲಸಗಳಲ್ಲೊಂದು. ಗಾಳಿಯಲ್ಲಿ ಸಾಮಾನ್ಯವಾಗಿ ಶೇಕಡಾ 20.9ರಷ್ಟು ಆಮ್ಲಜನಕವಿರುತ್ತದೆ, 19.5ಕ್ಕಿಂತ ಕಡಿಮೆಯಾದರೆ ಆ ಜಾಗ ಸುರಕ್ಷಿತವಲ್ಲ. ಹೈಡ್ರೋಜನ್ ಸಲ್ಫೈಡ್ ಸ್ವಲ್ಪವಿದ್ದಾಗ ಕೊಳೆತ ಮೊಟ್ಟೆಯ ನಾತ ಬರುತ್ತದೆ. ಹತ್ತು ಲಕ್ಷ ಪಾಲಿಗೆ ಸುಮಾರು 100 ಪಾಲು ಮುಟ್ಟಿದಾಗ ಮೂಗು ಸೋತು ನಾತವೇ ತಿಳಿಯದಾಗುತ್ತದೆ. ‘ವಾಸನೆ ಹೋಯಿತು, ಇನ್ನು ಇಳಿಯಬಹುದು’ ಎನ್ನುವ ಮಾತು ಸಾವಿನ ಬಾಗಿಲು ತೆರೆಯುತ್ತದೆ. ಒಬ್ಬ ಕುಸಿದು ಬಿದ್ದನೆಂದು ಕೂಗಿ ಇನ್ನಿಬ್ಬರು ಇಳಿದು ಮೂವರೂ ಹೋಗುವುದು ಇಂಥ ದುರಂತಗಳ ಮಾಮೂಲಿ ಕಥೆ.

2025ರ ನವೆಂಬರ್‌ವರೆಗೆ ಜಾರಿಯಲ್ಲಿದ್ದ 1948ರ ಕಾರ್ಖಾನೆ ಕಾಯ್ದೆಯ 36ನೇ ಕಲಂ ಈ ವಿಷಯದಲ್ಲಿ ಸ್ಪಷ್ಟವಾಗಿತ್ತು. ಅರ್ಹ ವ್ಯಕ್ತಿ ಒಳಗಿನ ಗಾಳಿಯನ್ನು ಪರೀಕ್ಷಿಸಿ ಲಿಖಿತ ಪ್ರಮಾಣಪತ್ರ ಕೊಟ್ಟಿರಬೇಕು; ಇಲ್ಲವೇ ಇಳಿಯುವವನಿಗೆ ಉಸಿರಾಟದ ಸಾಧನವಿದ್ದು, ಸೊಂಟಪಟ್ಟಿಗೆ ಕಟ್ಟಿದ ಹಗ್ಗದ ಇನ್ನೊಂದು ತುದಿ ಹೊರಗಿನವನ ಕೈಯಲ್ಲಿರಬೇಕು. ಪಟ್ಟಣಗಳ ಒಳಚರಂಡಿಯ ವಿಷಯದಲ್ಲಿ 2013ರ ಕಾಯ್ದೆ ರಕ್ಷಣಾ ಸಾಧನವಿಲ್ಲದೆ ಮನುಷ್ಯರನ್ನು ಇಳಿಸುವುದನ್ನು ನಿಷೇಧಿಸಿದೆ. 2023ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಒಳಚರಂಡಿ ಸಾವಿನ ಪರಿಹಾರವನ್ನು 10 ಲಕ್ಷದಿಂದ 30 ಲಕ್ಷ ರೂಪಾಯಿಗೆ ಏರಿಸಿತು. ಇಲ್ಲಿ ಮೆಟ್ಟಿಲುಗಳ ಪೈಕಿ ಮೊದಲನೆಯದೇ ಸರಿಯಾದ ಉತ್ತರ: ಸಕ್ಕಿಂಗ್ ಯಂತ್ರ ಮಾಡಬಲ್ಲ ಕೆಲಸಕ್ಕೆ ಮನುಷ್ಯ ಇಳಿಯಲೇಬಾರದು.

ಆಲೆಮನೆ

ಮಂಡ್ಯದ ಬೆಲ್ಲಕ್ಕೆ ನಾಡಿನಾಚೆಗೂ ಹೆಸರಿದೆ. ಅದನ್ನು ಕಾಯಿಸುವ ಜಾಗವನ್ನು ಅಪಾಯದ ಕಣ್ಣಿನಿಂದ ನೋಡುವವರು ಕಡಿಮೆ. ತಗಡಿನ ಚಪ್ಪರದ ಒಂದು ಕೊನೆಯಲ್ಲಿ ಗಾಣ, ನಡುವೆ ಕೊಪ್ಪರಿಗೆಗಳು, ಅವುಗಳ ತಳದಲ್ಲಿ ಒಲೆಯ ಬಾಯಿ, ಸುತ್ತ ಒಣಗಲು ಹರಡಿದ ರಚ್ಚು. ಗಾಣಕ್ಕೆ ಕಬ್ಬು ಕೊಡುವವನು ಹೆಗಲ ಮೇಲೆ ಟವೆಲ್ ಹಾಕಿಕೊಂಡಿರುತ್ತಾನೆ. ಮೋಟಾರಿನಿಂದ ಗಾಣಕ್ಕೆ ಹಾದ ಬೆಲ್ಟು ತೆರೆದೇ ಇರುತ್ತದೆ. ಕಬ್ಬಿನ ಗಿಣ್ಣು ಉರುಳೆಯಲ್ಲಿ ಸಿಕ್ಕಿ ನಿಂತಾಗ ಯಂತ್ರ ನಿಲ್ಲಿಸದೆ ಕೈಯಿಂದ ತಳ್ಳುವ ಆ ಒಂದು ಕ್ಷಣದಲ್ಲಿ ಬೆರಳು ಹೋಗುತ್ತದೆ. ಟವೆಲ್ಲಿನ ತುದಿ, ಸೀರೆಯ ಸೆರಗು, ಸಡಿಲ ತೋಳು ಬೆಲ್ಟಿಗೆ ಸಿಕ್ಕರೆ ಮನುಷ್ಯನನ್ನೇ ಎಳೆಯುತ್ತದೆ.

ಕೊಪ್ಪರಿಗೆಯ ಕಡೆ ಇನ್ನೊಂದು ಅಪಾಯ. ಬೆಲ್ಲದ ಪಾಕ ಇಳಿಸುವ ಹದಕ್ಕೆ ಬಂದಾಗ ಸುಮಾರು 115ರಿಂದ 120 ಡಿಗ್ರಿ ಸೆಲ್ಸಿಯಸ್ ಇರುತ್ತದೆ. ಕುದಿನೀರು ಬಿದ್ದರೆ ಹರಿದುಹೋಗುತ್ತದೆ. ಪಾಕ ಚರ್ಮಕ್ಕೆ ಅಂಟಿಕೊಂಡು ಸುಡುತ್ತಲೇ ಇರುತ್ತದೆ. ತೆಗೆದ ಮಡ್ಡಿ ಚೆಲ್ಲಿ ಅಂಚು ಜಾರುತ್ತದೆ, ಆವಿಯಲ್ಲಿ ದೀಪ ಮಂಕಾಗಿರುತ್ತದೆ. ಬಣ್ಣ ತಿಳಿಯಾಗಲೆಂದು ಹಾಕುವ ಹೈಡ್ರೋಸ್ ಪುಡಿ ಗಂಟಲು, ಕಣ್ಣನ್ನು ಉರಿಸುತ್ತದೆ. ಉರುವಲಿಗೆ ಹಳೆ ಟೈರು, ಪ್ಲಾಸ್ಟಿಕ್ ಹಾಕಿದರೆ ಆ ಹೊಗೆ ಒಲೆಗಾರನ ಜೊತೆಗೆ ಊರಿನವರೆಲ್ಲರ ಎದೆಗೂ ಸೇರುತ್ತದೆ. ಹೊರರಾಜ್ಯಗಳಿಂದ ಬಂದ ಕುಟುಂಬಗಳು ಆಲೆಮನೆಯ ಪಕ್ಕದಲ್ಲೇ ಗುಡಿಸಲು ಹಾಕಿಕೊಂಡಿರುವಲ್ಲಿ ಮಕ್ಕಳ ಆಟದ ಅಂಗಳವೂ ಇದೇ.

ಇಲ್ಲಿ ಬೇಕಾದ ತಡೆಗಳು ಊರಿನ ವೆಲ್ಡಿಂಗ್ ಅಂಗಡಿಯಲ್ಲೇ ಆಗುವಂಥವು: ಗಾಣದ ಮುಂದೆ ಉದ್ದನೆಯ ದೋಣಿ, ಬೆಲ್ಟಿಗೆ ಜಾಲರಿ, ಕುಳಿತವನ ಕೈಗೆ ಸಿಗುವ ನಿಲುಗಡೆ ಸ್ವಿಚ್ಚು, ಸಿಕ್ಕಿಕೊಂಡದ್ದನ್ನು ಬಿಡಿಸಲು ಹಿಮ್ಮುಖವಾಗಿ ತಿರುಗುವ ವ್ಯವಸ್ಥೆ, ಕೊಪ್ಪರಿಗೆಯ ಸುತ್ತ ಸೊಂಟದೆತ್ತರದ ಕಟ್ಟೆ, ಒಲೆಗೆ ಎತ್ತರದ ಚಿಮಣಿ, ಮಕ್ಕಳನ್ನು ದೂರವಿಡುವ ಬೇಲಿ, ಅರ್ಥಿಂಗ್ ಇರುವ ವೈರಿಂಗ್. ಒಂದು ಕೊಪ್ಪರಿಗೆಗೆ ಹಾಕುವ ಖರ್ಚಿನ ಮುಂದೆ ಇವು ದೊಡ್ಡ ಮೊತ್ತವಲ್ಲ. ಒಂದು ಕೈಯ ಬೆಲೆಯ ಮುಂದಂತೂ ಲೆಕ್ಕಕ್ಕೇ ಬಾರದು.

ಹೊಲ, ತೋಟ, ಹುಳುಮನೆ

ಕಬ್ಬು ಕಡಿಯುವವರಿಗೆ ಮಚ್ಚಿನ ಗಾಯ, ಗರಿಯ ಗೀರು, ಬಿಸಿಲು, ಹಾವು ನಾಲ್ಕೂ ಒಟ್ಟಿಗೆ ಎದುರಾಗುತ್ತವೆ. ಒತ್ತಾಗಿ ಬೆಳೆದ ಕಬ್ಬಿನಲ್ಲಿ ಇಲಿಗಳನ್ನು ಅರಸಿ ನಾಗರಹಾವು, ಕೊಳಕುಮಂಡಲ ಬರುತ್ತವೆ. ಚಿರತೆ ಮರಿ ಹಾಕುವುದೂ ಉಂಟು. ಮೊಣಕಾಲಿನವರೆಗಿನ ಬೂಟು, ಕಡಿಯುವ ಮೊದಲು ಕೋಲಿನಿಂದ ಸದ್ದು, ಕತ್ತಲಲ್ಲಿ ಬ್ಯಾಟರಿ ಇವು ಜೀವ ಉಳಿಸುತ್ತವೆ. ಕರ್ನಾಟಕ ಸರ್ಕಾರ 2024ರ ಫೆಬ್ರವರಿಯಲ್ಲಿ ಹಾವು ಕಡಿತವನ್ನು ಆಸ್ಪತ್ರೆಗಳು ಕಡ್ಡಾಯವಾಗಿ ವರದಿ ಮಾಡಬೇಕಾದ ಪಟ್ಟಿಗೆ ಸೇರಿಸಿತು. ಬಿಗಿಯಾಗಿ ಕಟ್ಟುವುದು, ಕೊಯ್ಯುವುದು, ನಾಟಿ ಮದ್ದಿಗೆ ಕಾಯುವುದು ಬೇಡ; ಕಚ್ಚಿದ ಅಂಗವನ್ನು ಅಲುಗಿಸದೆ ಪ್ರತಿವಿಷವಿರುವ ಆಸ್ಪತ್ರೆಗೆ ನೇರ ಸೇರಬೇಕು.

ಬಿಸಿಲಿನ ಅಪಾಯ ನಿಧಾನವಾದದ್ದು. ಮಧ್ಯ ಅಮೆರಿಕದ ಕಬ್ಬಿನ ಸೀಮೆಗಳಲ್ಲಿ, ನಿಕರಾಗುವಾ ಮತ್ತು ಎಲ್ ಸಾಲ್ವಡಾರ್‌ಗಳಲ್ಲಿ, ಸಕ್ಕರೆ ಕಾಯಿಲೆಯಾಗಲಿ ರಕ್ತದೊತ್ತಡವಾಗಲಿ ಇಲ್ಲದ ಎಳೆಯ ಕಬ್ಬು ಕಡಿಯುವವರಿಗೆ ಮೂತ್ರಪಿಂಡ ಸೋಲುವುದು ಕಂಡುಬಂತು. ಬಿರುಬಿಸಿಲಿನಲ್ಲಿ ನೀರಿಲ್ಲದ ಕಠಿಣ ದುಡಿಮೆ ಅದರ ಹಿಂದಿನ ಪ್ರಮುಖ ಕಾರಣವೆಂದು ಸಂಶೋಧಕರು ಎಣಿಸುತ್ತಾರೆ. ನೀರು, ನೆರಳು, ವಿರಾಮ ಅಲ್ಲಿ ಕಂಡುಕೊಂಡ ಮದ್ದು. ಗದ್ದೆಯ ಬದುವಿನಲ್ಲಿ ಒಂದು ಕೊಡ ನೀರು, ಒಂದು ಟಾರ್ಪಾಲಿನ ನೆರಳು ಇಲ್ಲಿಯೂ ಕೂಲಿಯ ಭಾಗವೆಂದೇ ಎಣಿಸಬೇಕು.

ಕೀಟನಾಶಕದ ಡಬ್ಬಿಯ ಮೇಲಿನ ಬಣ್ಣದ ತ್ರಿಕೋನ ವಿಷದ ಮಟ್ಟ ಹೇಳುತ್ತದೆ: ಕೆಂಪು ಅತ್ಯಂತ ವಿಷ, ನಂತರ ಹಳದಿ, ನೀಲಿ, ಕೊನೆಗೆ ಹಸಿರು. ಗಾಳಿ ಬರುವ ದಿಕ್ಕಿಗೆ ಬೆನ್ನು ಮಾಡಿ ಸಿಂಪಡಿಸುವುದು, ನಳಿಕೆ ಕಟ್ಟಿಕೊಂಡರೆ ಬಾಯಿಂದ ಊದದಿರುವುದು, ಸಿಂಪಡಿಸಿದ ಬಟ್ಟೆಯನ್ನು ಬೇರೆಯಾಗಿ ಒಗೆಯುವುದು ಮುಖ್ಯ. ಆ ಬಟ್ಟೆಯನ್ನು ಬರಿಗೈಯಲ್ಲಿ ಒಗೆಯುವ ಮನೆಯ ಹೆಂಗಸು ಯಾವ ಅಂದಾಜಿನಲ್ಲೂ ಲೆಕ್ಕಕ್ಕೆ ಬರುವುದಿಲ್ಲ, ಬರಬೇಕು. ಮಳವಳ್ಳಿ, ಮದ್ದೂರು ಕಡೆಯ ಹುಳುಮನೆಗಳಲ್ಲೂ ಹಾಗೆಯೇ: ಸೋಂಕು ಕಳೆಯುವ ದ್ರಾವಣ ಹೊಡೆದ ಮೇಲೆ ಕಿಟಕಿ ತೆರೆದು ಗಾಳಿಯಾಡಿಸಿಯೇ ಒಳಗೆ ಹೋಗಬೇಕು. ಫಾರ್ಮಲಿನ್‌ನಿಂದ ಹೊಮ್ಮುವ ಫಾರ್ಮಾಲ್ಡಿಹೈಡ್ ಕ್ಯಾನ್ಸರ್‌ಕಾರಕವೆಂದು ಅಂತರರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆ ವರ್ಗೀಕರಿಸಿದೆ.

ತೆಂಗಿನ ಮರ ಹತ್ತುವವರಿಗಾಗಿ ತೆಂಗು ಅಭಿವೃದ್ಧಿ ಮಂಡಳಿ 2011ರಿಂದ ಹತ್ತುವ ಯಂತ್ರದ ತರಬೇತಿ ನೀಡುತ್ತ ಬಂದಿದೆ; ಕೇರ ಸುರಕ್ಷಾ ಎಂಬ ಅಪಘಾತ ವಿಮೆಯೂ ಇದೆ. ಮೂಟೆ ಹೊರುವ ಹಮಾಲರ ವಿಷಯದಲ್ಲಿ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ 1967ರಲ್ಲೇ ಒಬ್ಬ ವಯಸ್ಕ ಗಂಡಸಿಗೆ 55 ಕೆ.ಜಿ. ಮಿತಿಯನ್ನು ಶಿಫಾರಸು ಮಾಡಿತು. ಅಕ್ಕಿ ಗಿರಣಿಯ ಹೊಟ್ಟಿನ ಧೂಳು, ತೆರೆದ ಬೆಲ್ಟುಗಳಿಗೆ ಆಲೆಮನೆಯ ಮಾತುಗಳೇ ಅನ್ವಯ. ಮಿತಿಮೀರಿ ಕಬ್ಬು ತುಂಬಿ ರಾತ್ರಿ ರಸ್ತೆಗಿಳಿಯುವ ಟ್ರ್ಯಾಕ್ಟರಿನ ಹಿಂಬದಿಗೆ ಹೊಳೆಯುವ ಪಟ್ಟಿ ಅಂಟಿಸದಿರುವುದು, ಹುರುಳಿ, ರಾಗಿಯನ್ನು ರಸ್ತೆಯಲ್ಲೇ ಒಕ್ಕುವುದು ದುಡಿಯುವವರಿಗೂ ದಾರಿಹೋಕರಿಗೂ ಸಮಾನವಾಗಿ ಅಪಾಯಕರ. ಊರಿಗೊಂದು ಒಕ್ಕಣೆ ಕಣ ಕಟ್ಟಿಸಿದರೆ ಆ ಅಪಾಯಮೂಲವೇ ಇಲ್ಲವಾಗುತ್ತದೆ.

ವಿದ್ಯುತ್ ಕಂಬ, ಕಲ್ಲುಗಣಿ, ಗಾರ್ಮೆಂಟ್ಸ್

ಈ ಭಾಗಕ್ಕೆ ವಿದ್ಯುತ್ ಒದಗಿಸುವುದು ಚಾಮುಂಡೇಶ್ವರಿ ವಿದ್ಯುತ್ ಸರಬರಾಜು ನಿಗಮ, ಅಂದರೆ ಸೆಸ್ಕ್. ಲೈನ್‌ಮನ್‌ಗಳ ಬಾಯಲ್ಲಿ ಸದಾ ಇರುವ ಮಾತು ‘ಎಲ್‌ಸಿ’, ಲೈನ್ ಕ್ಲಿಯರ್. ಕಂಬ ಹತ್ತುವ ಮೊದಲು ಸಬ್‌ಸ್ಟೇಷನ್ನಿನಿಂದ ಆ ಮಾರ್ಗದ ವಿದ್ಯುತ್ ಕಡಿತ ಮಾಡಿಸಿ, ಅದನ್ನು ದಾಖಲೆ ಪುಸ್ತಕದಲ್ಲಿ ಬರೆಸಿ ಪಡೆಯುವ ಅನುಮತಿ ಅದು. ಎಲ್‌ಸಿ ತೆಗೆದುಕೊಂಡವನೇ ಹಿಂದಿರುಗಿಸಬೇಕು. ಅಲ್ಲಿಯವರೆಗೆ ಯಾರು ಎಷ್ಟೇ ಒತ್ತಾಯಿಸಿದರೂ ಮಾರ್ಗಕ್ಕೆ ವಿದ್ಯುತ್ ಬಿಡುವಂತಿಲ್ಲ. ಕಡಿತವಾದ ಮೇಲೂ ತಂತಿಯನ್ನು ಪರೀಕ್ಷಿಸಿ, ರಾಡಿನಿಂದ ಭೂಮಿಗೆ ಜೋಡಿಸಿಯೇ ಕೈ ಹಾಕಬೇಕು. ಯಾರದೋ ಮನೆಯ ಜನರೇಟರಿನಿಂದ ವಿದ್ಯುತ್ತು ಹಿಂದಕ್ಕೆ ಹರಿದು ಬರಬಹುದು. ಕರೆಂಟ್ ಬೇಗ ಬರಲಿ ಎಂದು ಊರಿನವರು ಫೋನಿನಲ್ಲಿ ಅವಸರ ಮಾಡುವಾಗ ಕಂಬದ ಮೇಲೊಬ್ಬ ಮನೆಮಗನಿದ್ದಾನೆ ಎಂಬುದು ನೆನಪಿರಬೇಕು.

ಕಲ್ಲುಗಣಿಗಳಲ್ಲಿ ಸ್ಫೋಟಕ, ಕುಸಿತ, ಧೂಳು ಮೂರು ಮುಖ್ಯ ಅಪಾಯಮೂಲಗಳು. ಗ್ರಾನೈಟಿನ ಸಿಲಿಕಾ ಧೂಳು ಸಿಲಿಕೋಸಿಸ್ ತರುತ್ತದೆ. ಅದು ವಾಸಿಯಾಗದ ಕಾಯಿಲೆ, ಕ್ಷಯಕ್ಕೂ ದಾರಿ ಮಾಡಿಕೊಡುತ್ತದೆ. ನೀರು ಸಿಂಪಡಿಸಿ ಕೊರೆಯುವುದು ಅದಕ್ಕೆ ಸರಳ ತಡೆ. ಶಿವಮೊಗ್ಗದ ಹುಣಸೋಡಿನಲ್ಲಿ 2021ರ ಜನವರಿ 21ರ ರಾತ್ರಿ ಸ್ಫೋಟಕ ತುಂಬಿದ ಲಾರಿ ಸಿಡಿದು ಹಲವರು ಸತ್ತದ್ದು, ಸ್ಫೋಟಕದ ಸಾಗಣೆ ಮತ್ತು ದಾಸ್ತಾನು ಗಣಿಯ ಗುಂಡಿಗಿಂತ ಕಡಿಮೆ ಅಪಾಯದ್ದಲ್ಲ ಎಂದು ತೋರಿಸಿತು.

ಗಾರ್ಮೆಂಟ್ಸ್‌ನಲ್ಲಿ ಅಪಾಯ ಸದ್ದು ಮಾಡುವುದಿಲ್ಲ. ಒಂದೇ ಭಂಗಿಯಲ್ಲಿ ಕುಳಿತು ಬರುವ ಬೆನ್ನು, ಕತ್ತು ನೋವು, ಗಂಟೆಗಿಷ್ಟು ಎಂಬ ಗುರಿಯ ಒತ್ತಡದಲ್ಲಿ ನೀರು ಕುಡಿಯದೆ ಉಳಿದು ತರಿಸಿಕೊಳ್ಳುವ ಮೂತ್ರದ ಸೋಂಕು, ಸೂಜಿ ಗಾಯ, ಬೀಗ ಜಡಿದ ತುರ್ತು ಬಾಗಿಲು. ಲೈಂಗಿಕ ಕಿರುಕುಳವೂ ಸುರಕ್ಷತೆಯ ವಿಷಯವೇ. ಅದನ್ನು ತಡೆಯುವ 2013ರ ಕಾಯ್ದೆಯಂತೆ 10 ಅಥವಾ ಹೆಚ್ಚು ಮಂದಿಯಿರುವ ಕಡೆ ಆಂತರಿಕ ದೂರು ಸಮಿತಿ ಇರಲೇಬೇಕು.

ಕಾನೂನು ಮತ್ತು ಪರಿಹಾರ

1984ರ ಭೋಪಾಲ್ ದುರಂತದ ನಂತರ, 1987ರಲ್ಲಿ ಕಾರ್ಖಾನೆ ಕಾಯ್ದೆಗೆ ಮಾಡಿದ ತಿದ್ದುಪಡಿ ಅಪಾಯದ ಮಾಹಿತಿ ಪಡೆಯುವ ಹಕ್ಕನ್ನು ಕಾರ್ಮಿಕರಿಗೆ ಕೊಟ್ಟಿತು. ರಾಜ್ಯದಲ್ಲಿ 1969ರ ಕರ್ನಾಟಕ ಕಾರ್ಖಾನೆ ನಿಯಮಗಳನ್ನು ಜಾರಿಗೊಳಿಸುತ್ತ ಬಂದದ್ದು ಕಾರ್ಖಾನೆಗಳು, ಬಾಯ್ಲರುಗಳು, ಕೈಗಾರಿಕಾ ಸುರಕ್ಷತೆ ಮತ್ತು ಸ್ವಾಸ್ಥ್ಯ ಇಲಾಖೆ. 1923ರ ಬಾಯ್ಲರ್ ಕಾಯ್ದೆಯ ಜಾಗಕ್ಕೆ 2025ರ ಹೊಸ ಕಾಯ್ದೆ ಬಂದಿದೆ. 2020ರ ಔದ್ಯೋಗಿಕ ಸುರಕ್ಷತೆ, ಆರೋಗ್ಯ ಮತ್ತು ಕೆಲಸದ ಸ್ಥಿತಿಗತಿ ಸಂಹಿತೆ 2025ರ ನವೆಂಬರ್ 21ರಂದು ಜಾರಿಗೆ ಬಂದು ಕಾರ್ಖಾನೆ ಕಾಯ್ದೆಯನ್ನು ತನ್ನೊಳಗೆ ಸೇರಿಸಿಕೊಂಡಿತು. ಸಂಹಿತೆ ನೇಮಕಾತಿ ಪತ್ರವನ್ನೂ ನಿಗದಿತ ವರ್ಗದ ಕಾರ್ಮಿಕರಿಗೆ ಉಚಿತ ವಾರ್ಷಿಕ ಆರೋಗ್ಯ ತಪಾಸಣೆಯನ್ನೂ ಹೇಳುತ್ತದೆ. ಅದೇ ವೇಳೆ ವಿದ್ಯುತ್ ಬಳಸುವ ಘಟಕ ಕಾರ್ಖಾನೆಯೆನಿಸಲು ಬೇಕಾದ ಕಾರ್ಮಿಕರ ಸಂಖ್ಯೆಯನ್ನು 10ರಿಂದ 20ಕ್ಕೆ ಏರಿಸಿದೆ. ಚಿಕ್ಕ ಘಟಕಗಳೇ ತುಂಬಿರುವ ಈ ಸೀಮೆಗೆ ಇದು ಕಳವಳದ ಸಂಗತಿ.

ಇಎಸ್‌ಐ, ಅಂದರೆ ನೌಕರರ ರಾಜ್ಯ ವಿಮಾ ವ್ಯವಸ್ಥೆ, 10 ಅಥವಾ ಹೆಚ್ಚು ಮಂದಿಯಿರುವ ಘಟಕಗಳಲ್ಲಿ ತಿಂಗಳಿಗೆ 21,000 ರೂಪಾಯಿವರೆಗೆ ಸಂಬಳ ಪಡೆಯುವವರಿಗೆ ಚಿಕಿತ್ಸೆ ಮತ್ತು ಭತ್ಯೆ ನೀಡುತ್ತದೆ. 2020ರ ಸಾಮಾಜಿಕ ಭದ್ರತಾ ಸಂಹಿತೆಯಂತೆ ಮನೆಯಿಂದ ಕೆಲಸಕ್ಕೆ ಹೋಗುವ, ಹಿಂದಿರುಗುವ ದಾರಿಯ ಅಪಘಾತಕ್ಕೂ ಪರಿಹಾರ ದೊರೆಯಬಹುದು; ವ್ಯಾನಿನಲ್ಲಿ ಓಡಾಡುವ ಹೆಣ್ಣುಮಕ್ಕಳು ತಿಳಿದಿರಬೇಕಾದ ಹಕ್ಕು ಇದು. 2022ರ ಜೂನ್‌ನಲ್ಲಿ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ ಸುರಕ್ಷಿತ, ಆರೋಗ್ಯಕರ ಕೆಲಸದ ವಾತಾವರಣವನ್ನು ಮೂಲಭೂತ ಹಕ್ಕುಗಳ ಸಾಲಿಗೆ ಸೇರಿಸಿದೆ.

ತುರ್ತು ನೆರವು

ಪಾಕ ಬಿದ್ದು ಸುಟ್ಟರೆ ಕೂಡಲೇ ಹರಿಯುವ ತಣ್ಣೀರಿನ ಕೆಳಗೆ 20 ನಿಮಿಷ ಹಿಡಿಯಬೇಕು. ಅಂಟಿದ್ದನ್ನು ಕೀಳಬಾರದು, ಟೂತ್‌ಪೇಸ್ಟ್, ಇಂಕು, ಮಂಜುಗಡ್ಡೆ ಹಾಕಬಾರದು. ಬೆರಳು ತುಂಡಾದರೆ ಶುಚಿಯಾದ ಒದ್ದೆ ಬಟ್ಟೆಯಲ್ಲಿ ಸುತ್ತಿ, ಪ್ಲಾಸ್ಟಿಕ್ ಚೀಲದಲ್ಲಿಟ್ಟು, ಆ ಚೀಲವನ್ನು ಮಂಜುಗಡ್ಡೆಯ ಮೇಲಿಟ್ಟು ರೋಗಿಯ ಜೊತೆಗೇ ಒಯ್ಯಬೇಕು. ಬೆರಳಿಗೆ ಮಂಜು ನೇರವಾಗಿ ತಾಗಬಾರದು. ವಿದ್ಯುತ್ ಹಿಡಿದವರನ್ನು ಮುಟ್ಟುವ ಮೊದಲು ವಿದ್ಯುತ್ ಕಡಿತ ಮಾಡಬೇಕು. 108ರ ಆಂಬುಲೆನ್ಸ್, ತಾಲ್ಲೂಕು ಆಸ್ಪತ್ರೆ, ಮಂಡ್ಯದ ಮಿಮ್ಸ್ ಆಸ್ಪತ್ರೆ ಇವುಗಳ ದಾರಿ ಮತ್ತು ಹಿಡಿಯುವ ಸಮಯವನ್ನು ಪ್ರತಿ ಘಟಕವೂ ಮೊದಲೇ ಗೊತ್ತುಮಾಡಿಕೊಂಡಿರಬೇಕು.

ಮುಂದಿನ ದಾರಿ

ಆಲೆಮನೆಯಲ್ಲಿ ಹೋದ ಬೆರಳು, ಗದ್ದೆಯಲ್ಲಿ ಕಚ್ಚಿದ ಹಾವು, ಮರದಿಂದ ಬಿದ್ದ ಬೆನ್ನು ಕಾರ್ಖಾನೆ ಇಲಾಖೆಯ ಪುಸ್ತಕಕ್ಕೆ ಬರುವುದಿಲ್ಲ. ತಾಲ್ಲೂಕು ಆಸ್ಪತ್ರೆಯ ದಾಖಲೆಯಲ್ಲಿ ‘ಗಾಯ ಎಲ್ಲಿ, ಯಾವ ಕೆಲಸದಲ್ಲಿ ಆಯಿತು’ ಎಂಬ ಒಂದು ಸಾಲು ಸೇರಿಸಿದರೆ ಈ ಸೀಮೆಯ ಅಪಾಯದ ನಕ್ಷೆ ತಾನಾಗಿ ಮೂಡುತ್ತದೆ. ಗ್ರಾಮ ಪಂಚಾಯಿತಿಗಳು ಆಲೆಮನೆ, ಗಿರಣಿಗಳಿಗೆ ಪರವಾನಗಿ ಕೊಡುವಾಗ ಬೆಲ್ಟಿನ ಜಾಲರಿ, ಗಾಣದ ದೋಣಿ, ಕೊಪ್ಪರಿಗೆಯ ಕಟ್ಟೆ ಈ ಮೂರನ್ನಾದರೂ ಕಣ್ಣಾರೆ ನೋಡಬೇಕು.

ರಾಷ್ಟ್ರೀಯ ಸುರಕ್ಷತಾ ಮಂಡಳಿ ಹುಟ್ಟಿದ ದಿನದ ನೆನಪಿಗಾಗಿ ಮಾರ್ಚ್ 4ರಂದು ಸುರಕ್ಷತಾ ದಿನ ಆಚರಿಸುತ್ತಾರೆ; ಅದು ದೊಡ್ಡ ಕಾರ್ಖಾನೆಗಳ ದಿನ. ಚಿಕ್ಕ ಘಟಕಗಳಿಗೆ ಅದಕ್ಕಿಂತ ಹತ್ತಿರದ ದಿನವೊಂದು ಆಗಲೇ ಇದೆ. ಆಯುಧಪೂಜೆಯಂದು ಗಾಣ, ಮೋಟಾರು, ಟ್ರ್ಯಾಕ್ಟರು ಎಲ್ಲವೂ ನಿಲ್ಲುತ್ತವೆ. ಮಾಲೀಕನೂ ಆಳೂ ಒಟ್ಟಿಗೆ ನಿಂತು ತೊಳೆದು, ಒರೆಸಿ, ಕುಂಕುಮವಿಡುತ್ತಾರೆ. ನಿಂತ ಯಂತ್ರದ ಮೇಲೆ ಎಲ್ಲರ ಕಣ್ಣೂ ಬೀಳುವ ದಿನ ವರ್ಷದಲ್ಲಿ ಅದೊಂದೇ. ಹೂವು ಮುಡಿಸುವ ಮುನ್ನ ಬೆಲ್ಟಿನ ಜಾಲರಿ ಭದ್ರವಾಗಿದೆಯೇ, ನಿಲುಗಡೆ ಗುಂಡಿ ಒತ್ತಿದರೆ ಯಂತ್ರ ನಿಲ್ಲುತ್ತದೆಯೇ, ಹಿಂದಿನ ವರ್ಷ ಯಾರಿಗೆ ಎಲ್ಲಿ ಪೆಟ್ಟಾಯಿತು ಎಂದು ಕೇಳಿ ಬರೆದಿಟ್ಟುಕೊಂಡರೆ, ಆ ಹಾಳೆಯೇ ಆ ಘಟಕದ ಮೊದಲ ಅಪಾಯದ ಅಂದಾಜು.